ಹಸಿರು ಲೈಟ್ ಹತ್ತಿತು ಅಂದರೆ ಕೇಬಲ್ ಸರಿ ಇದೆ ಅಂತಲ್ಲ

ಹೋದ ವರ್ಷ ಏಪ್ರಿಲ್ ಕೊನೆಗೆ ವಿಜಯಪುರದ ಒಂದು ಕೋಚಿಂಗ್ ಸೆಂಟರ್‌ನಿಂದ ಫೋನ್ ಬಂತು. "ಸರ್, ಮಧ್ಯಾಹ್ನ ಎರಡು ಹೊಡೀತು ಅಂದ್ರ ಹಿಂದಿನ ಬ್ಲಾಕಿನ ನೆಟ್ ಹೋಗ್ತದ್ರೀ, ಕ್ಯಾಮೆರಾನೂ ಬಂದ್ ಆಗ್ತಾವ. ಸಂಜಿ ಆರಕ್ಕ ತಾನ ಬರ್ತದ. ಸ್ವಿಚ್ ಎರಡು ಸಲ ಬದಲಿ ಮಾಡಿಸೀವಿ, ಏನೂ ಆಗಿಲ್ಲ" ಅಂದರು ಅಲ್ಲಿನ ಮ್ಯಾನೇಜರ್. ಸ್ವಿಚ್ ಅಂದರೆ ಇಲ್ಲಿ ಗೋಡೆಯ ಗುಂಡಿ ಅಲ್ಲ, ಕಂಪ್ಯೂಟರ್, ಕ್ಯಾಮೆರಾಗಳಿಗೆ ನೆಟ್ ಹಂಚುವ ಡಬ್ಬಿ. ಹೋಗಿ ನೋಡಿದೆ. ಕೇಬಲ್ ಮುಂದಿನ ಬ್ಲಾಕಿನಿಂದ ಹೊರಟು, ತಗಡಿನ ಶೀಟಿನ ಕೆಳಗೆ ಪೈಪಿನಲ್ಲಿ ಸಾಗಿ, ಹಿಂದಿನ ಬ್ಲಾಕಿಗೆ ಇಳಿದಿತ್ತು. ಆ ಪೈಪನ್ನು ಮಧ್ಯಾಹ್ನ ಮುಟ್ಟಿದರೆ ಕೈ ಸುಡುತ್ತಿತ್ತು. ಮೀಟರ್ ಹಚ್ಚಿದೆ. ಕೇಬಲ್ ಉದ್ದ 96 ಮೀಟರ್ ತೋರಿಸಿತು. ಒಂದು ತುದಿ ಕತ್ತರಿಸಿ ತಂತಿಯನ್ನು ಬ್ಲೇಡಿನಿಂದ ಕೆರೆದೆ. ಮೇಲೆ ತಾಮ್ರದ ಬಣ್ಣ, ಒಳಗೆ ಬಿಳಿ. ಅಲ್ಯೂಮಿನಿಯಂ.

ಹಾಕಿದ್ದು ಡಿಸೆಂಬರ್‌ನಲ್ಲಂತೆ. ಆ ಚಳಿಯಲ್ಲಿ ಎಲ್ಲ ಲೈಟೂ ಹಸಿರು ಹತ್ತಿವೆ, ನೆಟ್ ಓಡಿದೆ, ಹಾಕಿದವರು ದುಡ್ಡು ತಗೊಂಡು ಹೋಗಿದ್ದಾರೆ. ಅವರು ಬೇಕಂತಲೇ ಮೋಸ ಮಾಡಿದರು ಅಂತ ನಾನು ಹೇಳುವುದಿಲ್ಲ. ಆದರೆ ಗೋಡೆಯಲ್ಲಿ, ಮಾಳಿಗೆಯಲ್ಲಿ, ಮಣ್ಣಿನಲ್ಲಿ ಹದಿನೈದು ಇಪ್ಪತ್ತು ವರ್ಷ ಇರಬೇಕಾದ ವಸ್ತುವಿಗೆ ಅವತ್ತಿನ ಒಂದು ಲೈಟು ಸಾಕ್ಷಿ ಆಗಲಾರದು. ಅದಕ್ಕೇ ಅಳತೆಗಳಿವೆ. ಅವು ಬೆಂಗಳೂರಿನ ದೊಡ್ಡ ಕಂಪನಿಗಳಿಗೆ ಮಾತ್ರ ಅಂತ ನಮ್ಮ ಕಡೆ ಬಹಳ ಜನ ತಿಳಿದಿದ್ದಾರೆ. ನಿಜ ಹೇಳಬೇಕೆಂದರೆ ನಮ್ಮ ಬಿಸಿಲಿಗೆ, ನಮ್ಮ ಎರೆ ಮಣ್ಣಿಗೆ ಅವು ಇನ್ನೂ ಜಾಸ್ತಿ ಬೇಕು.

ಮೊದಲು ಈ ಅಳತೆ ಎಲ್ಲಿಂದ ಬಂತು ನೋಡೋಣ. ಒಂದು ಕಾಲದಲ್ಲಿ ಪ್ರತಿ ಕಂಪ್ಯೂಟರ್ ಕಂಪನಿ ತನ್ನದೇ ಕೇಬಲ್ ಹಾಕಿಸುತ್ತಿತ್ತು. ಕಂಪನಿ ಬದಲಾದರೆ ಗೋಡೆ ಒಡೆಯಬೇಕಿತ್ತು. 1991ರಲ್ಲಿ ಅಮೆರಿಕದಲ್ಲಿ ಟಿಐಎ-568 ಅನ್ನುವ ಮಾನದಂಡ ಬಂತು. 1995ರಲ್ಲಿ ಅಂತಾರಾಷ್ಟ್ರೀಯ ಮಟ್ಟದಲ್ಲಿ ಐಎಸ್‌ಒ/ಐಇಸಿ 11801 ಬಂತು. ಎರಡರ ತಿರುಳೂ ಒಂದೇ: ಯಾವ ಕಂಪನಿಯ ಮಷಿನ್ ಇದ್ದರೂ ಕಟ್ಟಡದ ಕೇಬಲ್ ಒಂದೇ ರೀತಿ ಇರಲಿ. ರ್ಯಾಕ್, ಅಂದರೆ ಸ್ವಿಚ್ ಇಡುವ ಕಪಾಟಿನಲ್ಲಿ ಕೇಬಲ್‌ಗಳೆಲ್ಲ ಬಂದು ಸೇರುವ ಪ್ಯಾಚ್ ಪ್ಯಾನೆಲ್‌ನಿಂದ ಪ್ರತಿ ಮೇಜಿನ ಐಒ ಬಾಕ್ಸ್‌ಗೆ (ನೆಟ್ ಸಾಕೆಟ್‌ಗೆ) ನೇರ ಒಂದು ಕೇಬಲ್, ನಡುವೆ ಗಂಟು ಇಲ್ಲ, ಜೋಡಣೆ ಇಲ್ಲ. ಗೋಡೆಯೊಳಗಿನ ಆ ಭಾಗ 90 ಮೀಟರ್ ಮೀರಬಾರದು, ಎರಡೂ ಕಡೆ ಮಷಿನ್‌ಗೆ ಚುಚ್ಚುವ ತುಂಡು ಕೇಬಲ್, ಅಂದರೆ ಪ್ಯಾಚ್ ಕಾರ್ಡ್ ಸೇರಿ ಇನ್ನೊಂದು 10 ಮೀಟರ್, ಒಟ್ಟು 100. ಇದನ್ನೇ ಸ್ಟ್ರಕ್ಚರ್ಡ್ ಕೇಬಲಿಂಗ್ ಅನ್ನುತ್ತಾರೆ.

ಈಗ ಕೋಚಿಂಗ್ ಸೆಂಟರ್‌ಗೆ ವಾಪಸ್ ಬರೋಣ. ಈ 90 ಮೀಟರ್ ಅನ್ನುವುದು 20 ಡಿಗ್ರಿ ಬಿಸಿಯಲ್ಲಿ ಹಾಕಿದ ಲೆಕ್ಕ. ಲೋಹ ಬಿಸಿಯಾದಷ್ಟೂ ಸಿಗ್ನಲ್ ಜಾಸ್ತಿ ಸವೆಯುತ್ತದೆ. ಮಾನದಂಡದ ಪ್ರಕಾರ 20ರಿಂದ 40 ಡಿಗ್ರಿವರೆಗೆ ಪ್ರತಿ ಡಿಗ್ರಿಗೆ 0.4 ಶೇಕಡಾ, 40ರ ಮೇಲೆ 60ರವರೆಗೆ ಪ್ರತಿ ಡಿಗ್ರಿಗೆ 0.6 ಶೇಕಡಾ ಸವಕಳಿ ಏರುತ್ತದೆ ಅಂತ ಹಿಡಿಯಬೇಕು. ಹಾಗೆ ಲೆಕ್ಕ ಹಾಕಿದರೆ 40 ಡಿಗ್ರಿಯಲ್ಲಿ 90 ಮೀಟರ್ ಇಳಿದು ಸುಮಾರು 83 ಆಗುತ್ತದೆ, 60 ಡಿಗ್ರಿಯಲ್ಲಿ ಸುಮಾರು 75. ವಿಜಯಪುರದ ಏಪ್ರಿಲ್‌ನಲ್ಲಿ ನೆರಳಲ್ಲೇ 40 ದಾಟುವ ದಿನಗಳಿವೆ, ತಗಡಿನ ಕೆಳಗಿನ ಮಾತು ಬೇರೆ ಹೇಳಬೇಕಾ? ಅಂದರೆ ಆ 96 ಮೀಟರ್ ಮೊದಲೇ ಮಿತಿ ಮೀರಿತ್ತು, ಬೇಸಿಗೆ ಬಂದಾಗ ಒಟ್ಟು ಸುಮಾರು ಇಪ್ಪತ್ತು ಮೀಟರ್ ಮೀರಿದ ಹಾಗಾಯಿತು. ಸಂಜೆ ತಂಪಾದಾಗ ನೆಟ್ ವಾಪಸ್ ಬರುತ್ತಿದ್ದುದು ಇದಕ್ಕೇ.

ಮೇಲಿಂದ ಅಲ್ಯೂಮಿನಿಯಂ. ಮಾರುಕಟ್ಟೆಯಲ್ಲಿ ಇದನ್ನು ಸಿಸಿಎ ಅನ್ನುತ್ತಾರೆ, ಅಲ್ಯೂಮಿನಿಯಂ ತಂತಿಗೆ ತಾಮ್ರದ ತೆಳು ಲೇಪ. ಡಬ್ಬಿಯ ಮೇಲೆ ಕ್ಯಾಟ್-6 ಅಂತ ಕೇಬಲ್ ದರ್ಜೆ ಬರೆದಿದ್ದರೂ ಮಾನದಂಡ ಇದನ್ನು ಒಪ್ಪುವುದಿಲ್ಲ, ಪೂರ್ತಿ ತಾಮ್ರವೇ ಆಗಬೇಕು. ಅಷ್ಟೇ ದಪ್ಪದ ತಾಮ್ರಕ್ಕಿಂತ ಇದರ ರೆಸಿಸ್ಟೆನ್ಸ್ ಸುಮಾರು ಒಂದೂವರೆ ಪಟ್ಟು. ಬರೀ ಡೇಟಾ ಹೋಗುವಾಗ ಹೇಗೋ ನಡೆದೀತು. ಆದರೆ ಈಗಿನ ಕ್ಯಾಮೆರಾಗಳು, ವೈಫೈ ಡಬ್ಬಿಗಳು ಅದೇ ಕೇಬಲ್‌ನಿಂದ ಕರೆಂಟನ್ನೂ ಎಳೆಯುತ್ತವೆ, ಪಿಒಇ ಅನ್ನುವುದು ಅದಕ್ಕೇ. 2003ರ ಮೊದಲ ಪಿಒಇ ಮಾನದಂಡದಲ್ಲಿ ಸ್ವಿಚ್ ಕೊಡುತ್ತಿದ್ದುದು 15.4 ವ್ಯಾಟ್, 2009ರಲ್ಲಿ 30 ಆಯಿತು, 2018ರಲ್ಲಿ 90ಕ್ಕೆ ಹೋಯಿತು. ಅಷ್ಟು ಕರೆಂಟು ಕೆಟ್ಟ ತಂತಿಯಲ್ಲಿ ಹರಿದರೆ ತಂತಿಯೇ ಕಾಯುತ್ತದೆ, ಕಟ್ಟು ಕಟ್ಟಿ ಹಾಕಿದ್ದರೆ ಒಳಗಿನ ಕೇಬಲ್‌ಗಳ ಬಿಸಿ ಹೊರಗೆ ಹೋಗಲು ದಾರಿಯೇ ಇರುವುದಿಲ್ಲ. ಅಂಗಡಿಯಲ್ಲಿ ಕೇಬಲ್ ಕೊಳ್ಳುವಾಗ ಬ್ಲೇಡಿನಿಂದ ಒಂದು ಎಳೆ ಕೆರೆದು ನೋಡಿ. ಅಂಗಡಿಯವರು ಬೇಡ ಅಂದರೆ ಬೇರೆ ಅಂಗಡಿಗೆ ಹೋಗಿ.

ಕೇಬಲ್ ಒಳ್ಳೆಯದೇ ತಂದಿರಿ ಅಂದುಕೊಳ್ಳಿ. ಇನ್ನು ಕೈಕೆಲಸ. ಕೇಬಲ್ ಒಳಗೆ ನಾಲ್ಕು ಜೋಡಿ ತಂತಿ, ಪ್ರತಿ ಜೋಡಿಯೂ ಹಗ್ಗ ಹೊಸೆದಂತೆ ಹೊಸೆದಿರುತ್ತದೆ, ಒಂದೊಂದು ಜೋಡಿಯ ಹೊಸೆತ ಒಂದೊಂದು ಅಳತೆಯದು. ಒಂದು ಜೋಡಿಯ ಮಾತು ಪಕ್ಕದ ಜೋಡಿಗೆ ಕೇಳಿಸಬಾರದು ಅಂತ ಈ ಏರ್ಪಾಡು. ಟೆಲಿಫೋನಿನ ಗ್ರಹಾಂ ಬೆಲ್ 1881ರಲ್ಲೇ ಇದಕ್ಕೆ ಪೇಟೆಂಟ್ ಪಡೆದಿದ್ದರು. ಪಂಚಿಂಗ್ ಮಾಡುವಾಗ, ಅಂದರೆ ತಂತಿಯನ್ನು ಸಾಕೆಟ್‌ಗೆ ಒತ್ತಿ ಕೂರಿಸುವಾಗ, ಈ ಹೊಸೆತವನ್ನು 13 ಮಿಲಿಮೀಟರ್‌ಗಿಂತ ಜಾಸ್ತಿ ಬಿಚ್ಚಬಾರದು. ಕೈಗೆ ಸಲೀಸು ಅಂತ ಎರಡು ಇಂಚು ಬಿಚ್ಚುವವರನ್ನು ದಿನಾ ನೋಡುತ್ತೇನೆ.

ಬಣ್ಣದ ಸಾಲು ಇನ್ನೊಂದು ಕಥೆ. ನಮ್ಮ ಕಡೆ ಹೆಚ್ಚಾಗಿ ಹಾಕುವುದು ಬಿ ಸಾಲು: ಬಿಳಿ-ಕಿತ್ತಳೆ, ಕಿತ್ತಳೆ, ಬಿಳಿ-ಹಸಿರು, ನೀಲಿ, ಬಿಳಿ-ನೀಲಿ, ಹಸಿರು, ಬಿಳಿ-ಕಂದು, ಕಂದು. ಇಲ್ಲಿ ಹಸಿರು ಜೋಡಿ 3 ಮತ್ತು 6ನೇ ಪಿನ್‌ಗೆ ಹೋಗುತ್ತದೆ, ನಡುವೆ ನೀಲಿ ಕೂತಿರುತ್ತದೆ. ಹೊಸ ಹುಡುಗರಿಗೆ ಇದು ವಿಚಿತ್ರ ಅನಿಸುತ್ತದೆ. ಜೋಡಿ ಜೋಡಿಯಾಗಿ ಪಕ್ಕಪಕ್ಕ ಇಟ್ಟರೆ ಚೆಂದ ಅಲ್ವಾ ಅಂತ ಎರಡೂ ತುದಿಯಲ್ಲಿ ಹಾಗೇ ಪ್ಲಗ್ ಒತ್ತಿ ಕ್ರಿಂಪ್ ಮಾಡುತ್ತಾರೆ. ಆಮೇಲೆ ಮುನ್ನೂರು ರೂಪಾಯಿಯ ಟೆಸ್ಟರ್ ಹಚ್ಚುತ್ತಾರೆ, ಒಂದರಿಂದ ಎಂಟರವರೆಗೆ ಎಲ್ಲ ಲೈಟೂ ಸಾಲಾಗಿ ಹತ್ತುತ್ತವೆ. ಆದರೆ 3 ಮತ್ತು 6ನೇ ಪಿನ್‌ನಲ್ಲಿ ಈಗ ಇರುವುದು ಎರಡು ಬೇರೆ ಬೇರೆ ಜೋಡಿಯ ತಂತಿ, ಒಂದಕ್ಕೊಂದು ಹೊಸೆದವಲ್ಲ. ಸಿಗ್ನಲ್ ಒಂದರಿಂದ ಒಂದಕ್ಕೆ ಸೋರುತ್ತದೆ, ನೆಟ್ ಬರುತ್ತದೆ, ಆದರೆ ಕುಂಟುತ್ತದೆ. ಆ ಟೆಸ್ಟರ್ ಇದನ್ನು ಎಂದೂ ಹಿಡಿಯುವುದಿಲ್ಲ. ಹಾಗೆಯೇ ಒಂದು ತಂತಿ ಕಡಿದರೂ ನೆಟ್ ನಿಲ್ಲದೇ ಇರಬಹುದು. ಗಿಗಾಬಿಟ್‌ಗೆ ನಾಲ್ಕೂ ಜೋಡಿ ಬೇಕು, 100 ಎಂಬಿಪಿಎಸ್‌ಗೆ ಎರಡೇ ಸಾಕು. ಹಾಗಾಗಿ ಸ್ವಿಚ್ ಸದ್ದಿಲ್ಲದೆ ಹತ್ತನೇ ಒಂದು ಭಾಗದ ವೇಗಕ್ಕೆ ಇಳಿದು ಓಡುತ್ತಿರುತ್ತದೆ. ಸುಮ್ನೆ ನಿಮ್ಮ ಆಫೀಸಿನ ಕಂಪ್ಯೂಟರ್‌ನಲ್ಲಿ ಲಿಂಕ್ ಸ್ಪೀಡ್ ಎಷ್ಟಿದೆ ಅಂತ ಇವತ್ತೇ ನೋಡಿ.

ಎಳೆಯುವುದರಲ್ಲೂ ಮಿತಿ ಇದೆ. ನಾಲ್ಕು ಜೋಡಿಯ ಕೇಬಲ್ ಮೇಲೆ 110 ನ್ಯೂಟನ್, ಅಂದರೆ ಸುಮಾರು 11 ಕೆಜಿ ತೂಕದ ಎಳೆತಕ್ಕಿಂತ ಜಾಸ್ತಿ ಬೀಳಬಾರದು. ಇಬ್ಬರು ಸೇರಿ ಹಗ್ಗಜಗ್ಗಾಟದ ಹಾಗೆ ಎಳೆದರೆ ಹೊಸೆತ ಸಡಿಲಾಗಿಬಿಡುತ್ತದೆ, ಹೊರಗಿನಿಂದ ಏನೂ ಕಾಣುವುದಿಲ್ಲ. ಬಾಗಿಸುವಾಗ ಬಾಗಿನ ತ್ರಿಜ್ಯ ಕೇಬಲ್ ದಪ್ಪದ ನಾಲ್ಕು ಪಟ್ಟಾದರೂ ಇರಬೇಕು, ಕ್ಯಾಟ್-6ಗೆ ಹೆಚ್ಚುಕಡಿಮೆ ಒಂದು ಇಂಚು. ಪ್ಲಾಸ್ಟಿಕ್ ಟೈ ಹಾಕಿ ಸೊಂಟ ಹಿಂಡುವ ಹಾಗೆ ಬಿಗಿಯಬಾರದು, ವೆಲ್ಕ್ರೋ ಪಟ್ಟಿ ಒಳ್ಳೆಯದು. ಕರೆಂಟ್ ವೈರ್ ಹೋಗುವ ಪೈಪಿನಲ್ಲಿ ನೆಟ್ ಕೇಬಲ್ ತೂರಿಸುವುದಂತೂ ಬೇಡವೇ ಬೇಡ. ದಾಟಲೇಬೇಕು ಅಂದರೆ ಅಡ್ಡಡ್ಡ, ಕೂಡಿಸುವ ಗುರುತಿನ ಹಾಗೆ ದಾಟಿಸಿ.

ಪೈಪಿನ ವಿಷಯಕ್ಕೆ ಬಂದರೆ ನನಗೆ ಯಾವಾಗಲೂ ನಮ್ಮೂರಿನ ನೀರು ನೆನಪಾಗುತ್ತದೆ. ವಿಜಯಪುರದ ಪಕ್ಕದ ತೊರವಿ ಕಡೆಯಿಂದ ಆದಿಲ್‌ಶಾಹಿಗಳ ಕಾಲದಲ್ಲಿ ನೆಲದೊಳಗೆ ಸುರಂಗ ಕೊರೆದು ಊರಿಗೆ ನೀರು ತಂದರು. ಸುರಂಗ ಬಾವಡಿ ಅಂತ ಇವತ್ತಿಗೂ ಅದನ್ನು ಕರೆಯುತ್ತೇವೆ. ಆ ಸುರಂಗದ ಉದ್ದಕ್ಕೂ ಅಲ್ಲಲ್ಲಿ ಬಾವಿಯ ಹಾಗೆ ಮೇಲಕ್ಕೆ ಬಾಯಿ ಬಿಟ್ಟಿದ್ದಾರೆ. ಗಾಳಿ ಬೆಳಕಿಗೆ, ಇಳಿದು ಹೂಳು ತೆಗೆಯುವುದಕ್ಕೆ. ಊರೊಳಗೆ ಮಣ್ಣಿನ ಕೊಳವೆಯಲ್ಲಿ ನೀರು ಹರಿಯುವ ಕಡೆ ಗಂಜ್ ಅನ್ನುವ ಗೋಪುರಗಳನ್ನು ಕಟ್ಟಿದರು. ನೀರಿನ ಒತ್ತಡ ಅಲ್ಲಿ ಇಳಿಯುತ್ತಿತ್ತು, ಕೆಸರು ಅಲ್ಲೇ ತಳಕ್ಕೆ ಕೂರುತ್ತಿತ್ತು. ನೆಲದೊಳಗೆ ಏನನ್ನಾದರೂ ಹುಗಿಯುವವರು ನಾಳೆ ಅದನ್ನು ಮುಟ್ಟುವುದು ಹೇಗೆ ಅಂತ ಇವತ್ತೇ ಯೋಚಿಸಬೇಕು ಅನ್ನುವುದು ಅವರಿಗೆ ಗೊತ್ತಿತ್ತು.

ಕೇಬಲ್ ದಾರಿಗೆ ಇರುವ ಟಿಐಎ-569 ಹೇಳುವುದೂ ಇದನ್ನೇ. ಪೈಪಿನಲ್ಲಿ ಪ್ರತಿ 30 ಮೀಟರ್‌ಗೆ ಒಂದು ಎಳೆಯುವ ಬಾಕ್ಸ್ ಬೇಕು. ಎರಡು ಬಾಕ್ಸ್‌ಗಳ ನಡುವೆ 90 ಡಿಗ್ರಿಯ ತಿರುವು ಎರಡಕ್ಕಿಂತ ಜಾಸ್ತಿ ಇರಬಾರದು. ಪೈಪಿನ ಒಳಜಾಗದಲ್ಲಿ ನೂರಕ್ಕೆ ನಲವತ್ತರಷ್ಟು ಮಾತ್ರ ತುಂಬಬೇಕು. ಮನೆ ಕಟ್ಟಿಸುವವರು ಇದನ್ನು ಸ್ಲ್ಯಾಬ್ ಹಾಕುವ ಮುಂಚೆಯೇ ಹೇಳಿಬಿಡಿ. ಆಮೇಲೆ ಅರ್ಧ ಇಂಚಿನ ಪೈಪಿನಲ್ಲಿ ಐದು ತಿರುವು ದಾಟಿಸಿ ಮೂರು ಕೇಬಲ್ ಎಳಿ ಅಂದರೆ ಯಾರ ಕೈಯಲ್ಲೂ ಆಗುವುದಿಲ್ಲ.

ಇನ್ನು ಫೈಬರ್. ಇಲ್ಲಿ ತಾಮ್ರಕ್ಕಿಂತ ಅಳತೆ ಇನ್ನೂ ಸೂಕ್ಷ್ಮ. ದೂರಕ್ಕೆ ಹಾಕುವ ಸಿಂಗಲ್ ಮೋಡ್ ಫೈಬರ್‌ನಲ್ಲಿ ಗಾಜಿನ ಎಳೆಯ ದಪ್ಪ 125 ಮೈಕ್ರಾನ್, ಅದರ ನಟ್ಟನಡುವೆ ಬೆಳಕು ಓಡುವ ತಿರುಳು ಸುಮಾರು 9 ಮೈಕ್ರಾನ್. ಒಂದು ಮೀಟರನ್ನು ಹತ್ತು ಲಕ್ಷ ಪಾಲು ಮಾಡಿದರೆ ಒಂದು ಪಾಲು ಒಂದು ಮೈಕ್ರಾನ್. ಅಂದರೆ ಕಣ್ಣಿಗೆ ಕಾಣದ ಒಂದು ಧೂಳಿನ ಕಣ ಆ ಬಾಗಿಲನ್ನು ಪೂರ್ತಿ ಮುಚ್ಚಬಹುದು. ನಮ್ಮೂರ ಧೂಳು ಎಂಥದು ಅಂತ ನಿಮಗೇ ಗೊತ್ತು. ಆದ್ದರಿಂದ ಕನೆಕ್ಟರ್ ಹಚ್ಚುವ ಮುಂಚೆ ಪ್ರತಿ ಸಲ ಸ್ಕೋಪಿನಲ್ಲಿ ನೋಡಬೇಕು, ಒರೆಸಬೇಕು, ಮತ್ತೆ ನೋಡಬೇಕು. ಹೊಸ ಪ್ಯಾಕೆಟ್ ಒಡೆದದ್ದಾದರೂ ಸರಿ. ಅಂಗಿಯ ತುದಿಯಿಂದ ಒರೆಸುವುದು, ಬಾಯಿಂದ ಊದುವುದು ಎರಡೂ ತಪ್ಪು, ಊದಿದರೆ ಉಗುಳಿನ ತೇವ ಗಾಜಿಗೆ ಕೂರುತ್ತದೆ. ಹಸಿರು ಮೂತಿಯ ಕನೆಕ್ಟರನ್ನು ನೀಲಿಗೆ ಹಚ್ಚಬೇಡಿ. ಹಸಿರಿನ ಗಾಜಿನ ಮುಖ 8 ಡಿಗ್ರಿ ಓರೆಯಾಗಿರುತ್ತದೆ, ನೀಲಿಯದು ನೇರ. ಮುಖಕ್ಕೆ ಮುಖ ಕೂಡುವುದೇ ಇಲ್ಲ. ಮತ್ತೆ, ಫೈಬರ್ ತುದಿಯನ್ನು ಕಣ್ಣ ಹತ್ತಿರ ಹಿಡಿದು ಲೈಟ್ ಬರ್ತಿದೆಯಾ ಅಂತ ನೋಡಲೇಬಾರದು. ಅದರೊಳಗಿನ ಬೆಳಕು ಕಣ್ಣಿಗೆ ಕಾಣುವ ಜಾತಿಯದಲ್ಲ, ಕಾಣದಿದ್ದರೂ ಕಣ್ಣು ಸುಡಬಲ್ಲದು.

ಇಳಕಲ್ ಸೀರೆ ನೇಯುವವರು ಒಡಲಿನ ಎಳೆಗೂ ಸೆರಗಿನ ಎಳೆಗೂ ಒಂದೊಂದಾಗಿ ಕೊಂಡಿ ಹಾಕಿ ಸೇರಿಸುತ್ತಾರೆ. ನೂಲಿಗೆ ಆ ಅನುಕೂಲ ಇದೆ, ಗಾಜಿಗೆ ಇಲ್ಲ. ಗಾಜಿನ ಎರಡು ತುದಿಯನ್ನು ಕನ್ನಡಿಯಂತೆ ಸಪಾಟಾಗಿ ಕತ್ತರಿಸಿ, ತಿರುಳಿಗೆ ತಿರುಳು ಎದುರಾಗಿ ಇಟ್ಟು, ವಿದ್ಯುತ್ ಕಿಡಿಯಿಂದ ಕರಗಿಸಿ ಬೆಸೆಯಬೇಕು. ಸ್ಪ್ಲೈಸಿಂಗ್ ಮಷಿನ್ ಮಾಡುವುದು ಇದನ್ನೇ. ಕತ್ತರಿಸಿದ ಚೂರುಗಳನ್ನು ಟೇಪಿಗೆ ಅಂಟಿಸಿ ಡಬ್ಬಿಗೆ ಹಾಕಿ, ಮಕ್ಕಳು ಓಡಾಡುವ ನೆಲಕ್ಕೆ ಬಿಡಬೇಡಿ. ಚರ್ಮದೊಳಗೆ ಹೋದರೆ ಹುಡುಕುವುದು ಬಲು ಕಷ್ಟ.

ಸವಕಳಿಯನ್ನು ಡಿಬಿಯಲ್ಲಿ ಅಳೆಯುತ್ತೇವೆ. ಇದಕ್ಕೆ ಹೆದರಬೇಕಿಲ್ಲ. 3 ಡಿಬಿ ಹೋಯಿತು ಅಂದರೆ ಬೆಳಕು ಅರ್ಧ ಆಯಿತು, 10 ಡಿಬಿ ಹೋಯಿತು ಅಂದರೆ ಹತ್ತನೇ ಒಂದು ಭಾಗ ಉಳಿಯಿತು. ಮಾನದಂಡದ ಗರಿಷ್ಠ ಮಿತಿಗಳು ಹೀಗಿವೆ: ಒಂದು ಕನೆಕ್ಟರ್ ಜೋಡಣೆಗೆ 0.75 ಡಿಬಿ, ಒಂದು ಸ್ಪ್ಲೈಸ್‌ಗೆ 0.3 ಡಿಬಿ, ಹೊರಾಂಗಣದ ಸಿಂಗಲ್ ಮೋಡ್ ಕೇಬಲ್‌ಗೆ ಕಿಲೋಮೀಟರಿಗೆ 0.5 ಡಿಬಿ. ಈಗ ಬಾಗಲಕೋಟೆ ನವನಗರದಲ್ಲಿ ಒಂದು ಕಾಲೇಜು ಇದೆ ಅಂದುಕೊಳ್ಳಿ. ಎರಡು ಕಟ್ಟಡಗಳ ನಡುವೆ 200 ಮೀಟರ್ ಫೈಬರ್, ಎರಡು ತುದಿಗೆ ಎರಡು ಕನೆಕ್ಟರ್, ಎರಡು ಸ್ಪ್ಲೈಸ್. ಕೇಬಲ್‌ಗೆ 0.1, ಕನೆಕ್ಟರ್‌ಗೆ 1.5, ಸ್ಪ್ಲೈಸ್‌ಗೆ 0.6, ಒಟ್ಟು 2.2 ಡಿಬಿ. ಪವರ್ ಮೀಟರ್ ಹಚ್ಚಿದಾಗ 2.2ಕ್ಕಿಂತ ಕಡಿಮೆ ಬರಬೇಕು, ಕೈಕೆಲಸ ಚೆನ್ನಾಗಿದ್ದರೆ 1ರ ಆಸುಪಾಸು ಬರುತ್ತದೆ. 6 ಬಂತು ಅಂದರೂ ಲೈಟ್ ಹತ್ತುತ್ತದೆ, ಇಂಟರ್ನೆಟ್ ಓಡುತ್ತದೆ. ಅಲ್ಲೇ ಮೋಸ ಹೋಗುವುದು. ಸೋರಿಕೆ ಎಲ್ಲೋ ಇದೆ, ಇನ್ನೊಂದಿಷ್ಟು ಧೂಳು ಕೂತ ದಿನ ಅದು ನಿಲ್ಲುತ್ತದೆ. ಮನೆಗೆ ಬರುವ ಫೈಬರ್‌ಗೂ ಹೀಗೇ ಒಂದು ಅಂಕಿ ಇದೆ. ಮನೆಯಲ್ಲಿ ಫೈಬರ್ ಬಂದು ಸೇರುವ ಸಾಮಾನ್ಯ ಜಿಪಾನ್ ಡಬ್ಬಿ -27 ಡಿಬಿಎಂವರೆಗೆ ಬೆಳಕನ್ನು ಗುರುತಿಸುತ್ತದೆ. ಡಿಬಿಎಂ ಅಂದರೆ ಬೆಳಕಿನ ಬಲದ ಅಳತೆ, ಮೈನಸ್ ಅಂಕಿ ದೊಡ್ಡದಾದಷ್ಟೂ ಬೆಳಕು ಕಡಿಮೆ. ನಿಮ್ಮಲ್ಲಿ -26 ತೋರಿಸುತ್ತಿದ್ದರೆ ಈಗಲೇ ದೂರು ಕೊಡಿ, ನೆಟ್ ಹೋಗುವವರೆಗೂ ಕಾಯಬೇಡಿ.

ಆ ಸೋರಿಕೆಗೆ ಬಹಳ ಸಲ ಕಾರಣ ಒಂದು ಕೆಟ್ಟ ಬಾಗು. ಕಿಟಕಿ ಚೌಕಟ್ಟಿಗೆ ಮೊಳೆ ಹೊಡೆದು ಮೂಲೆಯಲ್ಲಿ ಫೈಬರ್ ಮಡಚಿರುತ್ತಾರೆ. ಹಳೆಯ ಜಿ.652 ಜಾತಿಯ ಎಳೆಗೆ 30 ಮಿಲಿಮೀಟರ್ ತ್ರಿಜ್ಯಕ್ಕಿಂತ ಬಿಗಿ ಬಾಗು ಆಗದು, ಮನೆಗಳಿಗೆಂದೇ ಬಂದ ಜಿ.657ಎ1ಗೆ 10 ಮಿಲಿಮೀಟರ್ ನಡೆಯುತ್ತದೆ. ಒಂದು ಗುಟ್ಟು ಹೇಳುತ್ತೇನೆ. ಬಾಗಿನಲ್ಲಿ 1550 ನ್ಯಾನೋಮೀಟರ್ ಅಲೆಯುದ್ದದ ಬೆಳಕು 1310ಕ್ಕಿಂತ ಜಾಸ್ತಿ ಸೋರುತ್ತದೆ. ಫೈಬರ್‌ನಲ್ಲಿ ಎಲ್ಲೆಲ್ಲಿ ಬೆಳಕು ಸೋರುತ್ತಿದೆ ಅಂತ ತೋರಿಸುವ ಒಟಿಡಿಆರ್ ಮಷಿನ್‌ನಲ್ಲಿ ಎರಡರಲ್ಲೂ ಅಳೆದು, 1550ರಲ್ಲಿ ಮಾತ್ರ ದೊಡ್ಡ ಇಳಿತ ಕಂಡರೆ ಅಲ್ಲಿ ಬಾಗು ಇದೆ ಅಂತಲೇ ಅರ್ಥ. ಎರಡರಲ್ಲೂ ಒಂದೇ ಸಮ ಇಳಿದರೆ ಸ್ಪ್ಲೈಸ್ ಕೆಟ್ಟಿರಬೇಕು ಅಥವಾ ಕನೆಕ್ಟರ್ ಕೊಳೆಯಾಗಿರಬೇಕು.

ಹೊರಗೆ ಹುಗಿಯುವ ಕೇಬಲ್‌ಗೆ ನಮ್ಮ ನೆಲವೇ ದೊಡ್ಡ ಪರೀಕ್ಷೆ. ಡೋಣಿ ಹೊಳೆ ಸಾಲಿನ ಎರೆ ಭೂಮಿ ಬೇಸಿಗೆಯಲ್ಲಿ ಕೈ ತೂರುವಷ್ಟು ಬಿರಿಯುತ್ತದೆ, ಮಳೆ ಬಿದ್ದರೆ ಉಬ್ಬುತ್ತದೆ. ಒಂದೂವರೆ ಅಡಿ ಆಳದಲ್ಲಿ ಕೇಬಲ್ ಇಟ್ಟರೆ ಮಣ್ಣು ಅದನ್ನು ವರ್ಷಕ್ಕೊಮ್ಮೆ ಎಳೆದಾಡುತ್ತದೆ. ಟೆಲಿಕಾಂ ಇಲಾಖೆಯ ಪದ್ಧತಿಯಲ್ಲಿ ಸಾದಾ ಮಣ್ಣಿನಲ್ಲಿ 1.65 ಮೀಟರ್ ಆಳಕ್ಕೆ ಪಿಎಲ್‌ಬಿ ಅನ್ನುವ, ಒಳಮೈ ನುಣುಪಾದ ಪ್ಲಾಸ್ಟಿಕ್ ಪೈಪ್ ಇಟ್ಟು ಅದರೊಳಗೆ ಫೈಬರ್ ಬಿಡಬೇಕು ಅನ್ನುವುದು ಸುಮ್ನೆ ಅಲ್ಲ. ಮೇಲೆ ನೇಗಿಲು, ಟ್ರ್ಯಾಕ್ಟರ್, ಜೇಸಿಬಿ ಎಲ್ಲ ಓಡಾಡುತ್ತವೆ. ಗುಂಡಿ ತೋಡುವವರು ಮೊದಲೇ ತಿಳಿಸಲಿ ಅಂತ 2023ರ ಮಾರ್ಚ್‌ನಲ್ಲಿ ಕೇಂದ್ರ ಸರ್ಕಾರ 'ಕಾಲ್ ಬಿಫೋರ್ ಯು ಡಿಗ್' ಅನ್ನುವ ಆ್ಯಪ್ ಬಿಟ್ಟಿದೆ. ಬೋರ್‌ವೆಲ್, ನಲ್ಲಿ ಪೈಪಿನ ಕೆಲಸ ಮಾಡಿಸುವವರು ದಯವಿಟ್ಟು ಅದನ್ನು ಬಳಸಿ.

ಬೆಳಗಾವಿ ಕಡೆ ತೊಂದರೆ ಬೇರೆ, ಅಲ್ಲಿ ಮಳೆ. ಗೋಡೆ ಹೊಕ್ಕುವ ಮುಂಚೆ ಕೇಬಲನ್ನು ಒಂದಿಷ್ಟು ಕೆಳಗೆ ಜೋತು ಬಿಟ್ಟು ಮೇಲಕ್ಕೆ ತಿರುಗಿಸಬೇಕು, ನೀರು ಆ ಜೋತಿನ ತಳದಲ್ಲೇ ತೊಟ್ಟಿಕ್ಕಿ ಹೋಗುತ್ತದೆ. ಇಲ್ಲದಿದ್ದರೆ ಕೇಬಲ್ ಹಿಡಿದುಕೊಂಡೇ ನೀರು ರ್ಯಾಕಿಗೆ ಬರುತ್ತದೆ. ಒಳಾಂಗಣದ ಬೂದು ಕೇಬಲನ್ನು ಹೊರಗೆ ಹಾಕಬೇಡಿ, ಬಿಸಿಲಿಗೆ ಅದರ ಸಿಪ್ಪೆ ಪುಡಿಯಾಗುತ್ತದೆ. ಇನ್ನು ಕಟ್ಟಡದಿಂದ ಕಟ್ಟಡಕ್ಕೆ ತಾಮ್ರವನ್ನು ನಾನಂತೂ ಎಳೆಯುವುದೇ ಇಲ್ಲ. ಮುಂಗಾರಿಗೆ ಮುಂಚಿನ ಗುಡುಗು ಮಳೆಯಲ್ಲಿ ಹತ್ತಿರ ಎಲ್ಲೋ ಸಿಡಿಲು ಬಿದ್ದರೂ ಸಾಕು, ಆ ತಾಮ್ರದ ದಾರಿಯಲ್ಲೇ ಕರೆಂಟು ಬಂದು ಎರಡೂ ಕಡೆಯ ಸ್ವಿಚ್ ಸುಡುತ್ತದೆ. ಗಾಜಿನಲ್ಲಿ ಕರೆಂಟು ಹರಿಯುವುದಿಲ್ಲ. ಆದರೆ ಕೇಬಲ್‌ಗೆ ಉಕ್ಕಿನ ಕವಚ ಇದ್ದರೆ ಅದಕ್ಕೆ ಅರ್ಥಿಂಗ್ ಕೊಡುವುದನ್ನು ಮರೆಯಬಾರದು.

ನಮ್ಮ ಕಡೆ ಕೆಲಸ ಕೊಡುವವರು ಕೇಳುವ ಮೊದಲ ಪ್ರಶ್ನೆ, "ಒಂದು ಪಾಯಿಂಟಿಗೆ ಎಷ್ಟ್ರೀ?" ಅದರ ಜೊತೆಗೆ ಇನ್ನೊಂದು ಕೇಳಿ: "ಟೆಸ್ಟ್ ರಿಪೋರ್ಟ್ ಕೊಡ್ತೀರಾ?" ಪ್ರತಿ ಕೇಬಲ್‌ನ ಉದ್ದ, ಸವಕಳಿ, ಜೋಡಿಗಳ ನಡುವಿನ ಸೋರಿಕೆ ಎಲ್ಲ ಅಳೆದು ಪಾಸ್ ಅಥವಾ ಫೇಲ್ ಅಂತ ಮುದ್ರಿಸುವ ಮೀಟರ್ ಇದೆ. ದುಬಾರಿ, ಆದರೆ ಬಾಡಿಗೆಗೆ ಸಿಗುತ್ತದೆ. ಕೊನೆಯ ಕಂತಿನ ಹಣವನ್ನು ಆ ರಿಪೋರ್ಟ್ ಕೈಗೆ ಬಂದ ಮೇಲೆ ಕೊಡಿ. ಎರಡೂ ತುದಿಗೆ ಒಂದೇ ಹೆಸರಿನ ಲೇಬಲ್ ಬೇಕು, ಮುದ್ರಿಸಿದ್ದು. ಪೆನ್ನಿನಲ್ಲಿ ಬರೆದದ್ದು ಎರಡು ಬೇಸಿಗೆ ತಡೆಯುವುದಿಲ್ಲ.

ಕೋಚಿಂಗ್ ಸೆಂಟರ್‌ನಲ್ಲಿ ಹಿಂದಿನ ಬ್ಲಾಕಿಗೆ ಒಂದು ಸಣ್ಣ ರ್ಯಾಕ್ ಇಟ್ಟೆವು. ಎರಡು ಬ್ಲಾಕಿನ ನಡುವೆ ನಾಲ್ಕು ಎಳೆಯ ಫೈಬರ್, ಎರಡು ಬಳಕೆಗೆ, ಎರಡು ಮುಂದಕ್ಕೆ. ಅಲ್ಲಿಂದ ಕ್ಯಾಮೆರಾಗಳಿಗೆ ಪೂರ್ತಿ ತಾಮ್ರದ ಕೇಬಲ್, ಅತಿ ಉದ್ದದ್ದು 38 ಮೀಟರ್, ತಗಡು ಬಿಟ್ಟು ಗೋಡೆಯ ನೆರಳಿನಲ್ಲಿ. ರ್ಯಾಕಿನ ಬಾಗಿಲ ಒಳಗೆ ಒಂದು ಹಾಳೆ ಅಂಟಿಸಿದ್ದೇನೆ. ಪ್ರತಿ ಕೇಬಲ್‌ನ ಹೆಸರು, ಉದ್ದ, ಫೈಬರ್‌ನ ಒಂದೊಂದು ಎಳೆಯ ಡಿಬಿ, ಅಳೆದ ದಿನಾಂಕ. ಈ ಮೇ ತಿಂಗಳ ಒಂದು ಮಧ್ಯಾಹ್ನ ಎರಡೂವರೆಗೆ ಹೋಗಿ ಮತ್ತೆ ಮೀಟರ್ ಹಚ್ಚಿದೆ. ಫೈಬರ್‌ನ ಮೊದಲ ಎಳೆ ಹಾಳೆಯಲ್ಲಿ 0.9 ಅಂತ ಇತ್ತು, ಮೀಟರೂ 0.9 ಅಂತಲೇ ತೋರಿಸಿತು.